ಮೈಲುತುತ್ತ, ಸಾಣಿಕಟ್ಟಾ ಉಪ್ಪು, ರದ್ದಿ ತಗಡು: ನನ್ನ ಎಚ್ಚಿಂಗ್ ಅನುಭವ

ಎಚ್ಚಿಂಗ್ ಎಂದರೆ ಲೋಹದ ಪ್ಲೇಟಿಗೆ ಗ್ರೌಂಡ್ ಎಂಬ ಕಾಪಿನ ಪದರ ಹಚ್ಚಿ, ಸೂಜಿಯಿಂದ ಗೆರೆ ಎಳೆದು, ತೆರೆದ ಗೆರೆಯನ್ನು ಆಸಿಡ್ಡಿನಂಥ ದ್ರಾವಣಕ್ಕೆ ತಿನ್ನಿಸಿ, ಆ ತಗ್ಗಿಗೆ ಮಸಿ ತುಂಬಿ ಕಾಗದಕ್ಕೆ ಒತ್ತುವ ಕಲೆ. ಅಲ್ಯೂಮಿನಿಯಂ ಪ್ಲೇಟಿನಲ್ಲಿ ಗೆರೆ ನಿಲ್ಲುವುದಿಲ್ಲ, ಹತ್ತು ಅಚ್ಚು ತೆಗೆಯುವಷ್ಟರಲ್ಲಿ ಸವೆದುಹೋಗುತ್ತದೆ ಎಂದು ನನಗೆ ಹೇಳದ ಗ್ರಾಫಿಕ್ ಕಲಾವಿದರೇ ಇಲ್ಲ. ಬೆಂಗಳೂರಿನಲ್ಲಿ ಜೊತೆಗೆ ಓದಿದವರು ಹೇಳಿದರು, ಕಲಿಸಿದವರೂ ಹೇಳಿದರು. ಸಿನಿಮಾದ ಕಲಾ ವಿಭಾಗದಲ್ಲಿ ನನ್ನೊಡನೆ ದುಡಿಯುವವರಂತೂ, ಈಗಿನ ಕಾಲದಲ್ಲಿ ಪ್ಲೇಟ್ ಕೊರೆಯುತ್ತಾ ಕೂರುವವರು ಯಾರು, ಡಿಜಿಟಲ್ ಪ್ರಿಂಟ್ ಅಂಗಡಿಗೆ ಹೋದರೆ ಅರ್ಧ ಗಂಟೆಯ ಕೆಲಸ ಎನ್ನುತ್ತಿದ್ದರು. ಕಳೆದ ಮಳೆಗಾಲದಲ್ಲಿ ಕುಮಟಾದ ನನ್ನ ಹೆಂಚಿನ ಮನೆಯಲ್ಲಿ ಒಂದೇ ಪ್ಲೇಟಿನಿಂದ ನಲವತ್ತಕ್ಕೂ ಹೆಚ್ಚು ಅಚ್ಚು ತೆಗೆದೆ. ಬರಿಯ ಗೆರೆಯ ಕೆಲಸ ಅದು. ಮೊದಲ ಹಾಳೆಯನ್ನೂ ಕೊನೆಯ ಹಾಳೆಯನ್ನೂ ಪಕ್ಕಪಕ್ಕ ಇಟ್ಟು ತೋರಿಸಿದಾಗ ಯಾವುದು ಮೊದಲಿನದೆಂದು ಹೇಳಲು ಅವರಿಂದ ಆಗಲಿಲ್ಲ. ಇಂಥ ಪ್ಲೇಟುಗಳ ಬಲದಿಂದ ಕಳೆದೆರಡು ವರ್ಷ ಸಿನಿಮಾ ಕೆಲಸವೂ ಬಂದಿದೆ. ಹೇಗೆ ಮಾಡಿದೆ ಎಂದು ಕೇಳುವವರು ಹೆಚ್ಚಾದ್ದರಿಂದ ಬರೆಯುತ್ತಿದ್ದೇನೆ.

ಓದುತ್ತಿದ್ದಾಗ ನಾವೆಲ್ಲ ಸತುವಿನ ಪ್ಲೇಟು, ನೈಟ್ರಿಕ್ ಆಸಿಡ್ ಎಂದೇ ಕಲಿತವರು. ಊರಿಗೆ ಬಂದ ಮೇಲೆ ಅದು ಸಾಗಲಿಲ್ಲ. ಹುಬ್ಬಳ್ಳಿಯಿಂದ ಆಸಿಡ್ ಕ್ಯಾನು ಹಿಡಿದುಕೊಂಡು ಬಂದರೆ ಯಾವ ಕಂಡಕ್ಟರೂ ಬಸ್ ಹತ್ತಿಸಿಕೊಳ್ಳುವುದಿಲ್ಲ, ಹತ್ತಿಸಿಕೊಳ್ಳಲೂಬಾರದು. ಮನೆಯ ಬಾವಿ ಕೆಲಸದ ಕೋಣೆಯಿಂದ ಹತ್ತು ಹೆಜ್ಜೆ. ಮಳೆಗಾಲದಲ್ಲಿ ಕಿಟಕಿ ಮುಚ್ಚಿದರೆ ಆ ಹೊಗೆ ಹೋಗುವುದಾದರೂ ಎಲ್ಲಿಗೆ? ತಾಮ್ರದ ಪ್ಲೇಟು, ಫೆರಿಕ್ ಕ್ಲೋರೈಡ್ ಒಳ್ಳೆಯ ಜೋಡಿ, ಆದರೆ ತಾಮ್ರದ ಬೆಲೆ ಕೇಳಿದರೆ ಗೆರೆ ಎಳೆಯುವ ಕೈ ನಡುಗುತ್ತದೆ. ತಪ್ಪಿದರೆ ಸಾವಿರ ರೂಪಾಯಿ ಹೋಯಿತು ಎಂಬ ಲೆಕ್ಕ ತಲೆಯಲ್ಲಿದ್ದರೆ ಗೆರೆ ಗೆರೆಯಾಗಿ ಬರುವುದಿಲ್ಲ.

ದಾರಿ ತೋರಿಸಿದ್ದು ಶಿರಸಿಯ ನನ್ನ ಸೋದರಮಾವನ ಅಡಿಕೆ ತೋಟ. ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣ ನಮ್ಮ ಕಡೆಯವರಿಗೆ ಹೊಸತಲ್ಲ: ನೂರು ಲೀಟರ್ ನೀರಿಗೆ ಒಂದು ಕಿಲೋ ಮೈಲುತುತ್ತ (ಕಾಪರ್ ಸಲ್ಫೇಟ್), ಒಂದು ಕಿಲೋ ಸುಣ್ಣ. ಬೆರೆಸಿಯಾದ ಮೇಲೆ ಮಾವ ಸೊಂಟದ ಕತ್ತಿಯನ್ನು ಒರೆಸಿ ಅದರೊಳಗೆ ಒಂದು ನಿಮಿಷ ಅದ್ದಿ ಹಿಡಿಯುತ್ತಾರೆ. ಅಲಗಿನ ಮೇಲೆ ಕೆಂಪು ಹತ್ತಿದರೆ ಸುಣ್ಣ ಸಾಲದು ಎಂದು ಅರ್ಥ, ಇನ್ನಷ್ಟು ಸುರಿಯುತ್ತಾರೆ. ಚಿಕ್ಕಂದಿನಿಂದ ನೋಡಿದ್ದೆ. ಆ ವರ್ಷ ಮಾತ್ರ ಕತ್ತಿಯನ್ನು ಕೈಗೆ ತೆಗೆದುಕೊಂಡು ಕೆಂಪನ್ನು ಬೆರಳಿನಿಂದ ಉಜ್ಜಿದೆ. ಕೆಳಗೆ ಕಬ್ಬಿಣದ ಹೊಳಪು ಹೋಗಿ ಸಣ್ಣ ತರಿ ಬಿದ್ದಿತ್ತು. ಕೆಂಪಾಗಿ ಕೂತದ್ದು ತಾಮ್ರ, ಅದು ಕೂರಲು ಜಾಗ ಬಿಟ್ಟುಕೊಟ್ಟದ್ದು ಕಬ್ಬಿಣ. ಸುಣ್ಣ ಹಾಕದ ಮೈಲುತುತ್ತ ಲೋಹವನ್ನು ತಿನ್ನುತ್ತದೆ ಎಂದ ಮೇಲೆ ಅದು ನನ್ನ ಆಸಿಡ್ಡೇ ಅಲ್ಲವೇ? ಉಪ್ಪು ಬೆರೆಸಿದ ಮೈಲುತುತ್ತದಲ್ಲಿ ಸತು, ಅಲ್ಯೂಮಿನಿಯಂ ಕೊರೆಯುವ ಪದ್ಧತಿ ಹೊರದೇಶಗಳ ಗ್ರಾಫಿಕ್ ಸ್ಟುಡಿಯೋಗಳಲ್ಲಿ ಮೊದಲೇ ಇತ್ತು ಎಂಬುದು ಆಮೇಲೆ ಓದಿ ತಿಳಿಯಿತು. ನನಗೆ ಅದು ಸಿಕ್ಕಿದ್ದು ತೋಟದಲ್ಲಿ.

ಒಂದು ಕಿಲೋ ಕೊಡಿ ಎಂದು ಕೇಳಿದಾಗ ಮಾವ, "ತಮಾ, ತಗಡಿಗೂ ಕೊಳೆರೋಗ ಬಂತೇನೋ?" ಎಂದರು. ಕೊಟ್ಟರು. ಈಗ ಅಂಗಡಿಯಿಂದಲೇ ತರುತ್ತೇನೆ, ಕಿಲೋಗೆ ₹300ರ ಆಸುಪಾಸು. ಉಪ್ಪು ಗೋಕರ್ಣದ ಪಕ್ಕದ ಸಾಣಿಕಟ್ಟಾದ ಹರಳುಪ್ಪು. ಪ್ಯಾಕೆಟಿನ ಪುಡಿಯುಪ್ಪಿನಲ್ಲೂ ಆಗುತ್ತದೆ, ಆದರೆ ನಮ್ಮ ಗದ್ದೆಯ ಉಪ್ಪು ಇರುವಾಗ ಅದೇಕೆ? ಪ್ಲೇಟು ಎಂದರೆ ಆಫ್‌ಸೆಟ್ ಪ್ರೆಸ್‌ಗಳು ಮದುವೆ ಕರೆಯೋಲೆ ಮುದ್ರಿಸಿ ಎಸೆಯುವ ಅಲ್ಯೂಮಿನಿಯಂ ತಗಡು. ತೂಕಕ್ಕೆ ತಂದರೆ ನನ್ನ ಅಳತೆಯ ಒಂದು ಪ್ಲೇಟಿಗೆ ಹತ್ತು ಹದಿನೈದು ರೂಪಾಯಿ ಬೀಳುತ್ತದೆ. ಅಷ್ಟು ಅಗ್ಗವಾದ್ದರಿಂದಲೇ ನನ್ನ ಗೆರೆಗೆ ಧೈರ್ಯ ಬಂದದ್ದು.

ಮೊದಲ ಮಳೆಗಾಲ ಪೂರ್ತಿ ನಷ್ಟದಲ್ಲೇ ಹೋಯಿತು. ಲೀಟರಿಗೆ ಇನ್ನೂರು ಗ್ರಾಂಗಿಂತ ಹೆಚ್ಚು ಮೈಲುತುತ್ತ, ಅಷ್ಟೇ ಉಪ್ಪು ಹಾಕಿದಾಗ ತೊಟ್ಟಿ ಐದು ನಿಮಿಷದಲ್ಲಿ ಕೈ ಇಡಲಾಗದಷ್ಟು ಬಿಸಿಯಾಯಿತು. ಗ್ರೌಂಡ್ ಎದ್ದುಬಂತು. ತೆಳ್ಳನೆಯ ತಗಡು, ಅಲ್ಲಲ್ಲಿ ತೂತೇ ಬಿದ್ದಿತು. ನೀರು ಹೆಚ್ಚಿಸಿದರೆ ಇನ್ನೊಂದು ತೊಂದರೆ: ಗೆರೆಯ ಮೇಲೆ ಗುಳ್ಳೆ ಕೂತು ಅಚ್ಚಿನಲ್ಲಿ ಚುಕ್ಕಿ ಚುಕ್ಕಿಯಾಗಿ ಬರುತ್ತಿತ್ತು. ಕೆಂಪು ಕೆಸರು ಗೆರೆಯೊಳಗೆ ತುಂಬಿಕೊಂಡು ಕೊರೆತ ಅರ್ಧಕ್ಕೆ ನಿಲ್ಲುತ್ತಿತ್ತು. ಗಟ್ಟಿಯಾಗಿ ಬ್ರಷ್ ಆಡಿಸಿದರೆ ಗ್ರೌಂಡ್ ಕೀಳುತ್ತಿತ್ತು. ನಾಲ್ಕೈದು ಸಾವಿರ ರೂಪಾಯಿಯ ಕಾಗದ, ಮಸಿ ಆ ವರ್ಷ ಹಾಳಾದವು.

ಈಗ ನಾನು ಇಟ್ಟುಕೊಂಡಿರುವ ಅಳತೆ ಲೀಟರಿಗೆ 70-80 ಗ್ರಾಂ ಮೈಲುತುತ್ತ, ಅಷ್ಟೇ ಉಪ್ಪು. ಒಂದೇ ತೊಟ್ಟಿಯ ಬದಲು ಎರಡು, ಒಂದು ಹೊಸದು, ಇನ್ನೊಂದು ನಾಲ್ಕಾರು ಪ್ಲೇಟ್ ತಿಂದು ಬಣ್ಣ ಇಳಿದದ್ದು. ಸೂಕ್ಷ್ಮ ಗೆರೆ ಹಳೆಯ ತೊಟ್ಟಿಯಲ್ಲಿ, ಕಪ್ಪು ಬೇಕಾದ ಕಡೆ ಹೊಸದರಲ್ಲಿ. ಪ್ಲೇಟಿನ ಮುಖ ಕೆಳಗೆ ಮಾಡಿ ನಾಲ್ಕು ಮೂಲೆಗೆ ಆಸರೆ ಕೊಟ್ಟು ಮುಳುಗಿಸಿದರೆ ಕೆಸರು ತಾನಾಗಿ ಕೆಳಗೆ ಉದುರುತ್ತದೆ. ಗುಳ್ಳೆ ಓಡಿಸಲು ನಿಮಿಷಕ್ಕೊಮ್ಮೆ ಎತ್ತಿ ಕೋಳಿಯ ಗರಿಯಿಂದ ಸವರಿ ಮತ್ತೆ ಇಳಿಸುತ್ತೇನೆ. ತಿಳಿಗೆರೆಗೆ ಮೂರು ನಾಲ್ಕು ನಿಮಿಷ, ಗಾಢಕ್ಕೆ ಹದಿನೈದರವರೆಗೆ, ತೊಟ್ಟಿಯ ವಯಸ್ಸು ನೋಡಿಕೊಂಡು. ಕೊರೆಯದ ಬದಿಗೆ ಪಾರ್ಸೆಲ್ ಟೇಪ್ ಎರಡು ಸುತ್ತು. ಏಳುವ ಗುಳ್ಳೆ ಹೈಡ್ರೋಜನ್, ಹತ್ತಿರ ದೀಪ, ಬೀಡಿ ಏನೂ ಕೂಡದು. ಕೈಗೆ ಗ್ಲೌಸ್ ಬೇಕೇ ಬೇಕು.

ಪ್ರೆಸ್ ತಗಡಿನ ಮುಂಬದಿ ಮೊದಲೇ ತರಿತರಿ ಮಾಡಿದ್ದಾದ್ದರಿಂದ ಮಸಿ ಒರೆಸಿದರೂ ಬೂದು ಉಳಿಯುತ್ತದೆ. ಹಾಗಾಗಿ ಹಿಂಬದಿಯಲ್ಲಿ ಕೊರೆಯಿರಿ. ಅಕ್ವಾಟಿಂಟ್, ಅಂದರೆ ಗೆರೆಯ ಬದಲು ಹರಡಿದ ಛಾಯೆ, ಬೇಕೆಂದರೆ ರಾಳದ ಪುಡಿ ಉದುರಿಸುವ ಗೊಡವೆಯೇ ಇಲ್ಲ. ಈ ದ್ರಾವಣದಲ್ಲಿ ಅಲ್ಯೂಮಿನಿಯಂ ತೆರೆದಿಟ್ಟ ಜಾಗ ತಾನಾಗಿ ಒರಟಾಗಿ ಮಸಿ ಹಿಡಿಯುತ್ತದೆ. ಈ ಛಾಯೆ ಮಾತ್ರ ಇಪ್ಪತ್ತೈದು ಅಚ್ಚಿನ ನಂತರ ತೆಳುವಾಗುತ್ತದೆ, ಅಷ್ಟರ ಮಟ್ಟಿಗೆ ನನಗೆ ಎಚ್ಚರಿಕೆ ಹೇಳಿದವರ ಮಾತು ನಿಜ. ಗ್ರೌಂಡಿಗೆ ಡಾಂಬರು, ಜೇನುಮೇಣ, ರಾಳ ಎಲ್ಲರಿಗೂ ಗೊತ್ತು. ಕರಾವಳಿಯ ತೇವದಲ್ಲಿ ಅದು ಬೆವರದ ಹಾಗೆ ನಾನು ಸೇರಿಸುವ ನಾಲ್ಕನೆಯ ವಸ್ತುವೊಂದಿದೆ. ಅದನ್ನು ಇಲ್ಲಿ ಬರೆಯುವುದಿಲ್ಲ. ಮನೆಗೆ ಬಂದು ಒಂದು ದಿನ ಕೆಲಸ ಮಾಡಿದವರಿಗೆ ತೋರಿಸುತ್ತೇನೆ.

ಇನ್ನು ಸಿನಿಮಾ. ಅಕ್ಟೋಬರಿನಿಂದ ಮೇ ತನಕ ನಮ್ಮ ಕಡೆ ಚಿತ್ರೀಕರಣ ಜೋರು. ಗೋಕರ್ಣ, ಯಾಣ, ಮುರುಡೇಶ್ವರ ಎಂದು ತಂಡಗಳು ಬರುತ್ತಲೇ ಇರುತ್ತವೆ. ನಾನು ಸೇರಿದ್ದು ದಿನಗೂಲಿಗೆ ಬಣ್ಣ ಬಳಿಯುವ ಸಹಾಯಕನಾಗಿ, ದಿನಕ್ಕೆ ಸಾವಿರದ ಚಿಲ್ಲರೆ, ಮೇಲೆ ಬಾಟಾ ಎಂಬ ದಿನಭತ್ಯೆ. ಹೊಸ ಬಾಗಿಲನ್ನು ನೂರು ವರ್ಷ ಹಳೆಯದು ಮಾಡುವುದು, ಬೋರ್ಡು ಬರೆಯುವುದು, ಅಂಗಡಿಯ ಡಬ್ಬಿಗಳಿಗೆ ಲೇಬಲ್ ಅಂಟಿಸುವುದು. ತೆರೆಯ ಮೇಲೆ ಎರಡು ಸೆಕೆಂಡು ಕಾಣುತ್ತದೆ, ಕೆಲವೊಮ್ಮೆ ಅದೂ ಇಲ್ಲ. ಆದರೂ ಆ ಕೆಲಸ ನನಗೆ ಇಷ್ಟ. ನನ್ನ ಕೈ ಎಲ್ಲಿದೆ ಎಂದು ಯಾರಿಗೂ ತಿಳಿಯದಿದ್ದರೆ ಕೆಲಸ ಗೆದ್ದಿತು ಎಂದೇ ಲೆಕ್ಕ.

ಎರಡು ಕಸುಬೂ ಒಂದೇ ಮೇಜಿಗೆ ಬಂದದ್ದು ಒಂದು ಕರಪತ್ರದಿಂದ. 1930ರಲ್ಲಿ ಅಂಕೋಲೆಯಲ್ಲಿ ಉಪ್ಪಿನ ಸತ್ಯಾಗ್ರಹ ನಡೆದ ಕಾಲದ ಕಥೆ. ನಾಯಕಿ ಮಳೆಯಲ್ಲಿ ಓಡಿಬಂದು ಸೆರಗಿನೊಳಗಿನಿಂದ ಕರಪತ್ರ ತೆಗೆದು ಹರಿಯುತ್ತಾಳೆ. ಡಿಜಿಟಲ್ ಪ್ರಿಂಟ್ ಅಂಗಡಿಯಿಂದ ಬಂದ ಕರಪತ್ರದಲ್ಲಿ ಮೈಸೂರು ಸಂಸ್ಥಾನದ ಗಂಡಭೇರುಂಡ ಇತ್ತು! ಅಂದು ನಮ್ಮ ಜಿಲ್ಲೆ ಇದ್ದದ್ದು ಮುಂಬಯಿ ಪ್ರಾಂತ್ಯದಲ್ಲಿ. ಅದನ್ನು ತೆಗೆಸಿದೆ. ಇನ್ನೊಂದು ತೊಂದರೆ ನೀರಿನದು. ಟ್ಯಾಂಕರಿನ ಮಳೆ ಬಿಟ್ಟ ಕೂಡಲೇ ಇಂಕ್‌ಜೆಟ್ ಅಕ್ಷರ ನೀಲಿಯಾಗಿ ಹರಿದು ನಾಯಕಿಯ ಕೈಯೆಲ್ಲ ಬಣ್ಣ. ಎರಡನೆಯ ಟೇಕಿಗೆ ಬೇರೆ ಹಾಳೆ, ಹಳೆಯದಾಗಿ ಕಾಣಲು ಹಚ್ಚಿದ ಅದರ ಚಹಾ ಕಲೆ ಬೇರೆ ಜಾಗದಲ್ಲಿ. ಕಂಟಿನ್ಯುಟಿ, ಅಂದರೆ ಎಲ್ಲ ಟೇಕಿನಲ್ಲೂ ಎಲ್ಲವೂ ಒಂದೇ ಥರ ಇದೆಯೇ ಎಂದು, ನೋಡುವ ಹುಡುಗಿ ಒಪ್ಪಲಿಲ್ಲ, ಅವಳ ಮಾತು ಸರಿಯಾಗಿಯೇ ಇತ್ತು. ಆ ಸಂಜೆಯ ಚಿತ್ರೀಕರಣ ಅಲ್ಲಿಗೇ ನಿಂತಿತು.

ಒಂದೇ ಥರದ ಮೂವತ್ತು ಹಾಳೆ ಬೇಕು ಎಂದು ಕಲಾ ನಿರ್ದೇಶಕರು ತಲೆ ಕೆರೆದುಕೊಳ್ಳುತ್ತಿದ್ದಾಗ ನನಗೆ ಅನ್ನಿಸಿದ್ದು ಇಷ್ಟೇ: ಒಂದೇ ಥರದ ಮೂವತ್ತು ಹಾಳೆ ತೆಗೆಯುವುದೇ ಗ್ರಾಫಿಕ್ ಕಲಾವಿದನ ಕಸುಬಲ್ಲವೇ? ನಾವು ಮೂಲೆಯಲ್ಲಿ ಪೆನ್ಸಿಲಿನಿಂದ ಸಂಖ್ಯೆ ಬರೆದು ಎಡಿಷನ್ ಎನ್ನುತ್ತೇವೆ, ಅವರು ಟೇಕ್ ಎನ್ನುತ್ತಾರೆ. ಮೂರು ದಿನ ಕೊಡಿ ಎಂದೆ. ನಕ್ಕವರು ನಕ್ಕರು.

ಅಕ್ಷರಗಳನ್ನು ಕೈಯಿಂದ ಬರೆಯಲಿಲ್ಲ. ಲೇಸರ್ ಪ್ರಿಂಟನ್ನು ನುಣುಪು ಮ್ಯಾಗಜೀನ್ ಕಾಗದದ ಮೇಲೆ ತೆಗೆದು, ಪ್ಲೇಟಿನ ಮೇಲೆ ಬೋರಲು ಹಾಕಿ ಇಸ್ತ್ರಿ ಪೆಟ್ಟಿಗೆ ಉಜ್ಜಿದರೆ ಟೋನರ್ ತಗಡಿಗೆ ಅಂಟುತ್ತದೆ. ನೀರಿನಲ್ಲಿ ನೆನೆಸಿ ಕಾಗದ ಉಜ್ಜಿ ತೆಗೆಯಬೇಕು. ಟೋನರೇ ಗ್ರೌಂಡ್. ಪ್ಲೇಟಿನಲ್ಲಿ ಅಕ್ಷರ ಉಲ್ಟಾ ಕೂರುವುದರಿಂದ ಅಚ್ಚಿನಲ್ಲಿ ನೇರ ಬರುತ್ತದೆ, ಕಂಪ್ಯೂಟರಿನಲ್ಲಿ ತಿರುಗಿಸುವ ಅಗತ್ಯವಿಲ್ಲ. ಸುತ್ತಲಿನ ತಗಡನ್ನು ಸಾಕಷ್ಟು ತಿನ್ನಿಸಿ, ಪ್ಲೈವುಡ್ಡಿಗೆ ಅಂಟಿಸಿ, ಗಟ್ಟಿ ರೋಲರಿನಲ್ಲಿ ಮಸಿ ಹಚ್ಚಿ ಒತ್ತಿದರೆ ಹಳೆಯ ಅಚ್ಚುಮೊಳೆಯ ಮುದ್ರಣದ ಹಾಗೆ ಅಕ್ಷರ ಕಾಗದದೊಳಗೆ ಕಚ್ಚಿಕೊಳ್ಳುತ್ತದೆ. ತಗ್ಗು ಆಳವಿಲ್ಲದ ಕಡೆ ಚೂರು ಮಸಿ ತಾಗಿ ಗಲೀಜಾಗುತ್ತದೆ. ಹಳೆಯ ಪ್ರೆಸ್ಸಿನ ಕೆಲಸದಲ್ಲೂ ಅದೇ ಗಲೀಜು ಇರುತ್ತಿತ್ತು, ಆದ್ದರಿಂದ ಅದು ನನಗೆ ಲಾಭವೇ.

ಆಮೇಲೆ ಮಾಡಿದ್ದು ನನ್ನ ಹೆಮ್ಮೆಯ ಕೆಲಸ. ಮಡಿಕೆಯ ಗುರುತು, ನೀರಿನ ಕಲೆ, ಅಂಚಿನ ಕಂದು, ಇವನ್ನೆಲ್ಲ ಎರಡನೆಯ ಪ್ಲೇಟಾಗಿ ಕೊರೆದು ತಿಳಿಗಂದು ಮಸಿಯಲ್ಲಿ ಮೊದಲು ಒತ್ತಿದೆ. ಅದರ ಮೇಲೆ ಅಕ್ಷರದ ಪ್ಲೇಟು. ಮೂವತ್ತು ಹಾಳೆಯಲ್ಲೂ ಅದೇ ಕಲೆ, ಅದೇ ಜಾಗ, ಅದೇ ಆಕಾರ. ಎಣ್ಣೆಯ ಮಸಿಯಾದ್ದರಿಂದ ಮಳೆಗೆ ಹರಿಯಲಿಲ್ಲ. ಕ್ಯಾಮರಾ ಹತ್ತಿರ ಹೋಗಿ ಪಕ್ಕದಿಂದ ಬೆಳಕು ಬಿದ್ದಾಗ ಅಕ್ಷರದ ತಗ್ಗು ಕಾಣುತ್ತಿತ್ತು. ಛಾಯಾಗ್ರಾಹಕರು ಇನ್ನೊಂದು ಕ್ಲೋಸಪ್ ತೆಗೆಯೋಣ ಎಂದರು. ಅಲ್ಲಿಂದ ಈಚೆಗೆ ಟಿಕೆಟ್, ರಸೀದಿ, ಬೆಂಕಿಪೊಟ್ಟಣದ ಚೀಟಿ, ನಕ್ಷೆ, ಔಷಧಿ ಬಾಟಲಿಯ ಲೇಬಲ್ ಎಂದು ಕೆಲಸ ಬರುತ್ತಲೇ ಇದೆ.

ಹಣದ ವಿಷಯ ಬಿಚ್ಚಿಯೇ ಹೇಳುತ್ತೇನೆ. ಆ ಕರಪತ್ರಕ್ಕೆ ಸಿಕ್ಕಿದ್ದು ₹12,000 ಇರಬೇಕು, ಖರ್ಚು ₹2,000 ದಾಟಿಲ್ಲ. ಈಗ ಒಂದು ವಿನ್ಯಾಸ, ಮೂವತ್ತು ಪ್ರತಿಗೆ ₹18,000-20,000 ಕೇಳುತ್ತೇನೆ. ಒಂದು ತಂಡ ನಲವತ್ತು ಸಾವಿರದಷ್ಟು ಬಾಕಿ ಇಟ್ಟು ಫೋನ್ ಎತ್ತುವುದನ್ನೇ ನಿಲ್ಲಿಸಿತು. ಅಂದಿನಿಂದ ಅರ್ಧ ಹಣ ಕೈಗೆ ಬರದೆ ಪ್ಲೇಟಿಗೆ ಗ್ರೌಂಡ್ ಹಚ್ಚುವುದಿಲ್ಲ. ಪ್ರತಿಗಳು ಅವರಿಗೆ, ಪ್ಲೇಟು ನನ್ನಲ್ಲೇ. ಮರುಚಿತ್ರೀಕರಣ ಎಂದು ಆರು ತಿಂಗಳ ನಂತರ ಹತ್ತು ಹಾಳೆ ಕೇಳಿಕೊಂಡು ಬರುತ್ತಾರೆ, ಆಗ ಅದೇ ಪ್ಲೇಟು ಮತ್ತೆ ದುಡಿಯುತ್ತದೆ. ನನ್ನ ಸ್ವಂತ ಅಚ್ಚುಗಳು ₹2,500-3,000ಕ್ಕೆ ಹೋಗುತ್ತವೆ. ಜನವರಿಯಲ್ಲಿ ಬೆಂಗಳೂರಿನ ಚಿತ್ರಸಂತೆಯಲ್ಲಿ ಕುಮಾರಕೃಪಾ ರಸ್ತೆಯ ಬದಿ ಒಂದು ಹಗಲು ಕೂತರೆ ಮುಂದಿನ ಮಳೆಗಾಲದ ಕಾಗದದ ಖರ್ಚು ಹುಟ್ಟುತ್ತದೆ. ವರ್ಷದ ಆದಾಯದಲ್ಲಿ ಸಿನಿಮಾದ ಪಾಲು ಮುಕ್ಕಾಲಿಗೆ ಹತ್ತಿರ. ಅದಕ್ಕೆ ನನಗೆ ಬೇಸರವಿಲ್ಲ. ಬೇಸಿಗೆಯ ದುಡ್ಡಿನಿಂದ ಮಳೆಗಾಲದಲ್ಲಿ ಯಾರ ಅಪ್ಪಣೆಗೂ ಕಾಯದೆ ಕೊರೆಯುತ್ತೇನೆ.

ಅಚ್ಚು ಒತ್ತುವ ಪ್ರೆಸ್ ಕೂಡ ಇಲ್ಲಿಯದೇ. ಮಾರುಕಟ್ಟೆಯಲ್ಲಿ ಲಕ್ಷದ ಮೇಲೆ ಹೇಳಿದರು. ಬೋಟು ರಿಪೇರಿ ಮಾಡುವ ಲೇತ್ ವರ್ಕ್‌ಶಾಪಿನ ನಾಯ್ಕರ ಬಳಿ ಹೋದೆ. ಮೀನುಗಾರಿಕೆ ನಿಷೇಧದಿಂದ ಜೂನ್ 1ರಿಂದ 61 ದಿನ ಟ್ರಾಲ್ ಬೋಟುಗಳು ದಡದಲ್ಲಿರುತ್ತವೆ, ಆಗ ಅವರಿಗೆ ಉಸಿರಾಡಲೂ ಬಿಡುವಿಲ್ಲ. ಆಗಸ್ಟ್ ತನಕ ಕಾಯಿಸಿದರು. ದಪ್ಪ ಪೈಪಿನ ಎರಡು ರೋಲರು, ಹಳೆಯ ವಿಂಚಿನಿಂದ ಕಳಚಿದ ಗೇರು, 12 ಮಿಲಿಮೀಟರ್ ಉಕ್ಕಿನ ಹಲಗೆ. ಎಲ್ಲ ಸೇರಿ ₹60,000ರ ಒಳಗೆ. "ಇದರಲ್ಲಿ ಹಪ್ಪಳ ಒತ್ತುತ್ತೀರಾ?" ಎಂದು ಕೇಳಿದ್ದ ನಾಯ್ಕರ ಅಂಗಡಿಯಲ್ಲಿ ಈಗ ನನ್ನ ಅಚ್ಚಿಗೆ ಕಟ್ಟು ಹಾಕಿಸಿ ತೂಗುಹಾಕಿದ್ದಾರೆ. ರೋಲರಿನ ಕೆಳಗೆ ಕಾಗದದ ಮೇಲೆ ಹಾಸುವ ಫೆಲ್ಟ್ ಬದಲು ಕಂಬಳಿ ಹಾಕಿ ನೋಡಿದ್ದೆ. ನೇಯ್ಗೆಯ ಗುರುತು ಅಚ್ಚಿನ ಮೇಲೆಲ್ಲ ಮೂಡಿತು, ಹಾಗಾಗಿ ಅದಕ್ಕೊಂದು ಉಳಿತಾಯದ ದಾರಿ ಇಲ್ಲ, ಫೆಲ್ಟನ್ನೇ ತರಿಸಿ. ಮಸಿ ಒರೆಸುವ ಟಾರ್ಲಟನ್ ಬಟ್ಟೆಯ ಬದಲು ಅನ್ನದ ಗಂಜಿ ಹಾಕಿ ಒಣಗಿಸಿದ ಮಲ್ಮಲ್ ಬಟ್ಟೆ ಮಾತ್ರ ಚೆನ್ನಾಗಿ ಒದಗುತ್ತದೆ.

ಮಳೆಗಾಲದಲ್ಲಿ ಎಚ್ಚಿಂಗ್‌ಗೆ ಕಾಗದ ನೆನೆಸುವ ಕೆಲಸ ಹಗುರ, ಒಣಗಿಸುವುದು ಕಷ್ಟ. ಎರಡೇ ದಿನದಲ್ಲಿ ಬೂಷ್ಟು ಹತ್ತುತ್ತದೆ. ಮಾವನ ಮನೆಯ ಬಚ್ಚಲ ಒಲೆಯ ಮೇಲಿನ ಅಟ್ಟದಲ್ಲಿ ಒಣಗಿಸಿದೆ. ಬೂಷ್ಟು ಬರಲಿಲ್ಲ, ಆದರೆ ಹೊಗೆಗೆ ಹಾಳೆ ಹಳದಿಯಾಯಿತು. ಎಡಿಷನ್ನಿಗೆ ಅದು ಆಗದು, ಸಿನಿಮಾಕ್ಕೆ ಅಮೃತ. ಅಂದಿನಿಂದ ಹಳೆಯ ಕಾಗದ ಬೇಕಾದರೆ ಖಾಲಿ ಹಾಳೆಯ ಕಟ್ಟನ್ನು ಒಂದು ವಾರ ಅಟ್ಟಕ್ಕೆ ಕಳಿಸುತ್ತೇನೆ. ನನ್ನ ಅಚ್ಚುಗಳಿಗೆ ರಟ್ಟಿನ ನಡುವೆ ಇಟ್ಟು ದಿನಕ್ಕೆ ಎರಡು ಸಲ ರಟ್ಟು ಬದಲಿಸುವುದೇ ಗತಿ, ನೆನೆಸುವ ನೀರಿಗೆ ಎರಡು ಹನಿ ಲವಂಗದ ಎಣ್ಣೆ.

ಚಹಾ ಬಿಟ್ಟು ಅಡಿಕೆ ಚೊಗರು ಹಿಡಿದದ್ದೂ ಆಗಲೇ. ಅಡಿಕೆ ಬೇಯಿಸಿದ ಆ ಕೆಂಪು ರಸವನ್ನು ನೀರು ಮಾಡಿ ಸವರಿದರೆ ಬಟ್ಟೆ, ಕಾಗದ, ಮರ ಎಲ್ಲಕ್ಕೂ ಹಳೆತನ ಬರುತ್ತದೆ. ತುಕ್ಕು ಮೊಳೆ ನೆನೆಸಿದ ನೀರು ಸೋಕಿಸಿದರೆ ಕಪ್ಪಾಗುತ್ತದೆ. ಎರಡನ್ನೂ ಯಾವ ಕ್ರಮದಲ್ಲಿ, ಎಷ್ಟು ಅಂತರದಲ್ಲಿ ಹಾಕಿದರೆ ಬಾಗಿಲಿನ ಚಿಲಕದ ಸುತ್ತ ಕೈಯ ಜಿಡ್ಡಿನ ಕಪ್ಪು ಬರುತ್ತದೆ ಎಂಬುದು ನನ್ನ ಹೊಟ್ಟೆಪಾಡಿನ ಗುಟ್ಟು.

ಕಪ್ಪೆ ಬೊಂಡಾಸ ಎಂಬ ಕಡಲಜೀವಿಯ ಮಸಿಚೀಲ ತಂದು ಕಂದು ಶಾಯಿ ಮಾಡಿದ್ದೂ ಉಂಟು. ಬಣ್ಣ ಬಹಳ ಚೆಂದ, ನಾತಕ್ಕೆ ಮನೆಯವರು ಮೂರನೆಯ ದಿನ ಬಾಟಲಿ ಹೊರಗಿಟ್ಟರು. ಶಿರಸಿಯ ಮಾರಿಕಾಂಬಾ ದೇವಸ್ಥಾನದ ಕಾವಿ ಚಿತ್ರಗಳನ್ನು ಮಾತ್ರ ನಾನು ಬಿಟ್ಟಿಲ್ಲ. ಸುಣ್ಣದ ಗೋಡೆಗೆ ಕೆಂಪು ಬಳಿದು, ಗೆರೆ ಕೆರೆದು ಕೆಳಗಿನ ಬಿಳಿ ತೆಗೆಯುವ ಆ ಕೆಲಸ ನನ್ನ ಕಣ್ಣಿಗೆ ಗ್ರೌಂಡ್ ಮೇಲೆ ಸೂಜಿ ಆಡಿಸಿದಂತೆಯೇ. ಚಿರೆಕಲ್ಲಿನ ಕೆಂಪು ಮಣ್ಣನ್ನು ಅಗಸೆ ಎಣ್ಣೆಯಲ್ಲಿ ಅರೆದು ಮಸಿ ಮಾಡಿದೆ. ಒರೆಸುವಾಗ ಮಣ್ಣಿನ ಕಣ ಪ್ಲೇಟನ್ನೇ ಗೀಚಿತು. ಮಣ್ಣನ್ನು ನೀರಿನಲ್ಲಿ ಕಲಕಿ, ಮೇಲಿನ ಕೆನ್ನೀರನ್ನಷ್ಟೇ ಬಸಿದು, ಆ ನೀರಿನ ತಳಕ್ಕೆ ಕೂತ ನುಣುಪನ್ನು ಒಣಗಿಸಿ ಅರೆದ ಮೇಲೆ ಗೀಚುವುದು ನಿಂತಿದೆ. ಈ ಮಳೆಗಾಲದಲ್ಲಿ ಒಂದು ಸಣ್ಣ ಸರಣಿ ಆ ಕೆಂಪಿನಲ್ಲೇ ಬರುತ್ತಿದೆ.

ತ್ಯಾಜ್ಯದ ಬಗ್ಗೆ ಹೇಳದೆ ಬಿಡುವಂತಿಲ್ಲ. ಆಸಿಡ್ಡಿಗಿಂತ ಮೇಲು ಎಂದು ಮೈಲುತುತ್ತದ ನೀರನ್ನು ಚರಂಡಿಗೆ ಚೆಲ್ಲುವವರನ್ನು ನೋಡಿದ್ದೇನೆ. ತಾಮ್ರ ಮೀನಿಗೂ ಚಿಪ್ಪಿಗೂ ವಿಷ. ನಮ್ಮ ಚರಂಡಿಯ ನೀರು ಸೇರುವುದು ಅಘನಾಶಿನಿ ನದಿಗೆ, ಅಲ್ಲಿ ಬಳಚು ಎಂಬ ಚಿಪ್ಪು ಹೆಕ್ಕಿ ಬದುಕುವ ಮನೆಗಳು ನೂರಾರಿವೆ. ತೊಟ್ಟಿಯ ನೀಲಿ ಪೂರ್ತಿ ಇಳಿಯುವ ತನಕ ಹರಕು ತಗಡಿನ ಚೂರು ಹಾಕಿ ಬಿಡುತ್ತೇನೆ, ಉಳಿದ ತಾಮ್ರವೆಲ್ಲ ಕೆಂಪು ಕೆಸರಾಗಿ ಕೂರುತ್ತದೆ. ಮೇಲೆ ವಾಷಿಂಗ್ ಸೋಡಾ ಸ್ವಲ್ಪ ಸ್ವಲ್ಪವೇ ಹಾಕುತ್ತಾ ನೊರೆ ನಿಂತ ಮೇಲೆ ಒಂದು ರಾತ್ರಿ ಬಿಟ್ಟು ದಪ್ಪ ಬಟ್ಟೆಯಲ್ಲಿ ಸೋಸುತ್ತೇನೆ. ಕೆಸರು ಒಣಗಿಸಿ ಮುಚ್ಚಳದ ಡಬ್ಬಿಗೆ. ತೋಟಕ್ಕೆ ಹಾಕೋಣವೇ ಎಂದು ಮಾವ ಕೇಳಿದರು, ಬೇಡವೆಂದೆ. ವರ್ಷ ವರ್ಷ ಬೋರ್ಡೋ ಬಿದ್ದ ಮಣ್ಣಿಗೆ ಇನ್ನಷ್ಟು ತಾಮ್ರ ಬೇಕಿಲ್ಲ. ಹುಬ್ಬಳ್ಳಿಯಲ್ಲಿ ಲೋಹಕ್ಕೆ ಲೇಪ ಹಾಕುವ ಕಾರ್ಖಾನೆಯೊಂದರವರು ತಮ್ಮ ತ್ಯಾಜ್ಯದ ಜೊತೆ ವಿಲೇವಾರಿಗೆ ಕಳಿಸಲು ಒಪ್ಪಿದ್ದಾರೆ. ದೇವಿಮನೆ ಘಟ್ಟದ ರಸ್ತೆ ಸರಿಯಿರುವ ದಿನ ನೋಡಿ ಮೊದಲ ಡಬ್ಬಿ ಕಳಿಸಬೇಕು.